ಒಂದೂವರೆ ಅಡಿ

ಮೊದಲು ಬಂದವರೆಲ್ಲ ಅಳು ಕೇಳಿದರು.
ಬೇಲಿಯ ತಂತಿ ಹಿಡಿದು ನಿಲ್ಲಿ ಬಾಯೀ,
ಸ್ವಲ್ಪ ಆಚೆ ನೋಡಿ, ಹಾಂ, ಹಾಗೇ.
ಮೈಕು ನನ್ನ ಗಲ್ಲದ ಹತ್ತಿರ
ಬೆಕ್ಕಿನ ಹಾಗೆ ಕಾಯುತ್ತಿತ್ತು.
ಮೂರು ಚಾನೆಲ್ಲಿಗೆ ಅತ್ತೆ.
ನಾಲ್ಕನೆಯವರಿಗೆ ಬುಟ್ಟಿ ಇಳಿಸಿ
ಅಳು ಖಾಲಿ, ಬಂಗಡೆ ಉಂಟು ಅಂದೆ.

ಈ ಸ್ನೇಹಲ ಬಾನಾವಳಿ ಅಳತೆ ಕೇಳಿದಳು.
ನಿಮ್ಮ ಅಡುಗೆಮನೆ ಎಷ್ಟು ಮಾರು?
ಕಾವಲಿ ಯಾವ ಗೋಡೆಗೆ ತೂಗುತ್ತಿತ್ತು?
ಕತ್ತಲಲ್ಲಿ ಬಚ್ಚಲಿಗೆ ಎಷ್ಟು ಹೆಜ್ಜೆ?
ಹದಿನಾಲ್ಕು,
ಎಂದಿತು ಕಾಲು, ಬಾಯಿಗಿಂತ ಮೊದಲು.

ಪರಿಹಾರ ಹೆಚ್ಚಾಗ್ತದಾ ನಿನ್ನ ಸಿನಿಮಾದಿಂದ?
ಇಲ್ಲ, ಅಂದಳು.
ಊರು ತಿರುಗಿ ಕೊಡ್ತಾರಾ?
ಅದೂ ಇಲ್ಲ.
ಮತ್ತೆ ಯಾಕೆ?
ಬೆರಳಿನಿಂದ ಪುಸ್ತಕದ ಅಂಚು ಮಡಚುತ್ತ ಕೂತಳು,
ಗೊತ್ತಿಲ್ಲ ಅನ್ನಲಿಕ್ಕೆ ನಾಚುವವಳ ಹಾಗೆ.
ಒಂದು ದಿನದ ವ್ಯಾಪಾರ ಹೋದರೆ ಹೋಗಲಿ ಅಂದುಕೊಂಡೆ.

ಅಮಾಸೆಯ ಮಾರನೇ ಬೆಳಗು. ಮಾಜಾಳಿಯ ಮರಳು.
ಕಡಲು ದೂರ ಇಳಿದಿತ್ತು, ನೆಲ ಹಸಿ, ಗಟ್ಟಿ.
ಕಾಲನಿಯ ಮೂವತ್ತೆಂಟು ಮನೆ
ಎರಡು ಟೆಂಪೋದಲ್ಲಿ ಬಂದು ಇಳಿಯಿತು,
ಸುಣ್ಣದ ಪುಡಿಯ ಚೀಲ, ಬಲೆಯ ಹಗ್ಗ,
ಮಾರಿಗೊಂದು ಗಂಟು.
ನೌಕಾನೆಲೆ ಹತ್ತಿರ, ಡ್ರೋನ್ ಹಾರಿಸುವಂತಿಲ್ಲ.
ತೆಂಗಿನಕಾಯಿ ಕೀಳುವ ಗಣಬಾನ ಸೊಂಟಕ್ಕೆ
ಕ್ಯಾಮೆರಾ ಕಟ್ಟಿ ಮೇಲೆ ಕಳಿಸಿದಳು.
ಅವನ ಕೂಲಿ ಮರದ ಲೆಕ್ಕ,
ಒಂದೇ ಮರದಲ್ಲಿ ಮೂರು ತಾಸು ಕೂರುವುದಕ್ಕೆ ದರವೇ ಇರಲಿಲ್ಲ.

ಗೆರೆ ಎಳೆದೆವು. ಗೆರೆಯೇ ಗೋಡೆ,
ಗೆರೆ ಬಿಟ್ಟಲ್ಲಿ ಬಾಗಿಲು.
ಬಾವಿಗೆ ಒಂದು ಸುತ್ತು.
ಉಂಡಿ ಮರದ ಜಾಗಕ್ಕೆ ಬುದವಂತನ ಮೊಮ್ಮಗನನ್ನು
ಕೈ ಅಗಲಿಸಿ ನಿಲ್ಲಿಸಿದೆವು: ಅಲುಗಬೇಡ, ನೀನು ಮರ.
ಕಾಲನಿಯಲ್ಲೇ ಹುಟ್ಟಿದ ಮಕ್ಕಳು
ಗೋಡೆಯೊಳಗಿಂದ ಓಡಿದರೆ
ಮೂವತ್ತೆಂಟು ಮನೆಯೂ ಒಟ್ಟಿಗೆ ಬೈಯಿತು.
ಪುರ್ಸೊ ಅಜ್ಜ ಕೋಲೂರಿ ಬಂದ,
ತನ್ನ ಮನೆಯ ಬಾಗಿಲಲ್ಲಿ ತಲೆ ಬಗ್ಗಿಸಿದ.
ಹಳೆಯ ತೊಲೆ, ತಗ್ಗು,
ಮದುವೆಯ ದಿನವೇ ಹಣೆಗೆ ಬಡಿದಿತ್ತಂತೆ.
ಒಳಗೆ ಹೋಗಿ ನೆಟ್ಟಗಾಗಿ ಕೆಮ್ಮಿದ.

ನನ್ನ ಪಕ್ಕದ್ದು ರುಕ್ಮಾನ ಮನೆ.
ಅವಳ ಗೆರೆ ನನ್ನ ತುಳಸಿಕಟ್ಟೆಗೆ ತಾಗಿತು.
ಏ ರುಕ್ಮಾ, ಒಂದೂವರೆ ಅಡಿ ಒಳಗೆ ಬಂದೀದಿ.
ಬಂದದ್ದು ನಾನಾ? ನಿನ್ನ ಮಾವ ರಾತ್ರೋರಾತ್ರಿ
ಗೂಟ ಕಿತ್ತದ್ದು ಮರೆತೆಯಾ?
ನಾನು ಅವಳ ಗೆರೆ ಕಾಲಲ್ಲಿ ಅಳಿಸಿದೆ.
ಅವಳು ನನ್ನ ಅಡುಗೆಮನೆಯನ್ನೇ ಅಳಿಸಿದಳು.
ಅವಳ ಅಜ್ಜಿಯ ತನಕ ಬೈದೆ,
ಎಷ್ಟೋ ವರ್ಷದಿಂದ ಬಾಯಿಗೆ ಬಾರದ ಬೈಗಳು
ಒಂದೂ ತುಕ್ಕು ಹಿಡಿದಿರಲಿಲ್ಲ.
ಮೈಕು ಹಿಡಿದ ಹುಡುಗ ಬಿಡಿಸಲು ಬಂದ.
ಸ್ನೇಹಲ ಅವನ ಅಂಗಿ ಹಿಡಿದು ಹಿಂದಕ್ಕೆಳೆದಳು.
ನಮಗಿಂತ ಅವಳಿಗೇ ಕಣ್ಣಲ್ಲಿ ನೀರು,
ಮರಳು ಬಿತ್ತು ಅಂದಳು.

ಮೊದಲು ಬಾವಿಗೆ ನೀರು ಬಂತು.
ಯಾರೋ ನಕ್ಕರು.
ಆಮೇಲೆ ಕೆಳಗಿನ ಕೇರಿ, ಬಲೆ ಒಣಗಿಸುವ ಬಯಲು,
ಪುರ್ಸೊನ ತೊಲೆಯಿಲ್ಲದ ಬಾಗಿಲು.
ಈ ಸಲ ನೋಟೀಸು ಇರಲಿಲ್ಲ, ಪೊಲೀಸರೂ.
ಚಪ್ಪಲಿ ಕೈಯಲ್ಲಿ ಹಿಡಿದು ಎಲ್ಲರೂ ಮೇಲೆ ಸರಿದೆವು.
ತಿರುಗಿ ನೋಡಿದರೆ
ಮೊಣಕಾಲುದ್ದ ನೀರಲ್ಲಿ ಆ ಪೋರ
ಕೈ ಅಗಲಿಸಿಯೇ ನಿಂತಿದ್ದ,
ಇಳಿಸು ಅಂತ ಯಾರೂ ಹೇಳಿರಲಿಲ್ಲ ಅವನಿಗೆ.

ಶಾಲೆಯ ಗೋಡೆಗೆ ಬೆಡ್‌ಶೀಟ್ ಕಟ್ಟಿ ತೋರಿಸಿದಳು.
ಹಾಡಿಲ್ಲ, ಮಾತಿಲ್ಲ.
ಮರದ ಮೇಲಿಂದ ನಾವೆಲ್ಲ ಶೆಟ್ಲಿಯಷ್ಟು ಸಣ್ಣ,
ಬಿಳಿ ಗೆರೆಗಳ ನಡುವೆ ಸರಿದಾಡುತ್ತ,
ಗಣಬಾ ಉಸಿರು ಬಿಟ್ಟಾಗೆಲ್ಲ
ಊರು ಸ್ವಲ್ಪ ಮೇಲೆ ಕೆಳಗೆ.
ಮುಗಿದ ಮೇಲೆ ಯಾರೂ ಏಳಲಿಲ್ಲ.
ರುಕ್ಮಾ ಮಾತ್ರ ನನ್ನ ಪಕ್ಕೆಗೆ ತಿವಿದಳು:
ಮೇಲಿಂದ ನೋಡಿದೆಯಲ್ಲ, ಈಗ ಹೇಳು,
ಆ ಒಂದೂವರೆ ಅಡಿ ಯಾರದು?

ಅವಳದೇ. ಸ್ಪಷ್ಟ ಕಾಣುತ್ತಿತ್ತು.
ಕೋರ್ಟಿಗೆ ಬಾ, ಅಂದೆ.